ಹನ್ನೆರಡನೇ ಕಾಲಂನಲ್ಲಿ ಎರಡು ‘ನೋ’: ಚಳ್ಳಕೆರೆ ಕಡೆಯ ಒಂದು ನೇಮಕಾತಿ ಪ್ರಕರಣ

ಇದು ಯಾವುದೇ ಒಬ್ಬ ವ್ಯಕ್ತಿಯ ಕಡತವಲ್ಲ. ಚಿತ್ರದುರ್ಗ ಜಿಲ್ಲೆಯಲ್ಲಿ ಬದುವಿನ ಜಗಳವೊಂದು ಹೇಗೆ ಕೇಸಾಗುತ್ತದೆ, ಆ ಕೇಸು ಹೇಗೆ ಮುಗಿಯುತ್ತದೆ, ಮುಗಿದ ಕೇಸು ನೌಕರಿಯ ಹೊತ್ತಿಗೆ ಹೇಗೆ ಎದ್ದು ಬರುತ್ತದೆ ಎಂದು ತೋರಿಸಲು ಕಟ್ಟಿಕೊಂಡ ಮಾದರಿ ಪ್ರಕರಣ. ಕಾನೂನು, ತೀರ್ಪು, ನಮೂನೆಯ ಪ್ರಶ್ನೆಗಳು ಮಾತ್ರ ಇದ್ದದ್ದು ಇದ್ದ ಹಾಗೆ.

ಜಗಳ, ಕೇಸು, ಖುಲಾಸೆ

2019ರ ಮುಂಗಾರು. ಚಳ್ಳಕೆರೆ ತಾಲ್ಲೂಕಿನ ಒಂದು ಹಳ್ಳಿ. ಶೇಂಗಾ ಬಿತ್ತನೆಗೆ ಹೊಲ ಹದ ಮಾಡುವಾಗ ಟ್ರ್ಯಾಕ್ಟರ್ ಬದು ದಾಟಿತು ಎಂದು ದಾಯಾದಿಗಳ ನಡುವೆ ಮಾತು ಬೆಳೆಯಿತು. ಸಲಿಕೆಯ ಏಟಿಗೆ ಒಬ್ಬರ ಮುಂಗೈ ಸೀಳಿ ನಾಲ್ಕು ಹೊಲಿಗೆ ಬಿದ್ದವು. ಆಸ್ಪತ್ರೆಯಿಂದ ಠಾಣೆಗೆ ಎಂ.ಎಲ್.ಸಿ. (ಪೊಲೀಸರಿಗೆ ತಿಳಿಸಬೇಕಾದ ಗಾಯದ ಪ್ರಕರಣ) ಮಾಹಿತಿ ಹೋಯಿತು. ಸಂಜೆಯೊಳಗೆ ದೂರು, ರಾತ್ರಿಯೊಳಗೆ ಎಫ್‌ಐಆರ್: ಐಪಿಸಿ ಕಲಂ 323 (ಹೊಡೆದು ನೋಯಿಸುವುದು), 324 (ಆಯುಧದಿಂದ ಗಾಯ), 504 (ಕೆಣಕುವ ಬೈಗುಳ), 506 (ಬೆದರಿಕೆ) ಸಹಿತ 34.

ದೂರು ಬರೆಸುವಾಗ ಹೊಡೆದವನೊಬ್ಬನ ಹೆಸರನ್ನಷ್ಟೇ ಕೊಡುವವರು ಕಡಿಮೆ. ಎದುರು ಮನೆಯ ಗಂಡಸರೆಲ್ಲ ಪಟ್ಟಿಗೆ ಬರುತ್ತಾರೆ, ಅವರನ್ನೆಲ್ಲ ಕಲಂ 34ರ ‘ಸಮಾನ ಉದ್ದೇಶ’ ಒಂದೇ ಹಗ್ಗದಲ್ಲಿ ಕಟ್ಟುತ್ತದೆ. ನಮ್ಮ ಪ್ರಕರಣದ ಹುಡುಗ ನಾಲ್ಕನೇ ಆರೋಪಿ. ವಯಸ್ಸು 19 ವರ್ಷ 2 ತಿಂಗಳು, ಬಿ.ಎ. ವಿದ್ಯಾರ್ಥಿ. ದೂರಿನಲ್ಲಿ ಅವನ ಪಾಲಿಗೆ ಬಂದದ್ದು ಒಂದೇ ವಾಕ್ಯ: ‘ಕೈಯಿಂದ ಬೆನ್ನಿಗೆ ಗುದ್ದಿ, ಅವಾಚ್ಯ ಶಬ್ದಗಳಿಂದ ಬೈದಿರುತ್ತಾನೆ.’ ಅವನನ್ನು ಬಂಧಿಸಲಿಲ್ಲ. ಕೋರ್ಟಿಗೆ ಹಾಜರಾಗಿ ಬೇಲ್ ಪಡೆದ.

ಇದರ ಜೊತೆಗೆ ಇನ್ನೊಂದು ಕಾಗದ ಹುಟ್ಟಿತು. ಊರಲ್ಲಿ ಮತ್ತೆ ಗಲಾಟೆ ಆಗದಿರಲಿ ಎಂದು ಠಾಣೆಯವರು ಎರಡೂ ಕಡೆಯವರ ಮೇಲೆ ಸಿಆರ್‌ಪಿಸಿ (ದಂಡ ಪ್ರಕ್ರಿಯಾ ಸಂಹಿತೆ) ಕಲಂ 107ರ ಅಡಿ ವರದಿ ಕಳಿಸಿದರು. ತಾಲ್ಲೂಕು ಕಚೇರಿಯಲ್ಲಿ ತಾಲ್ಲೂಕು ದಂಡಾಧಿಕಾರಿಯೂ ಆಗಿರುವ ತಹಶೀಲ್ದಾರರ ಮುಂದೆ, ಒಂದು ವರ್ಷ ಶಾಂತಿಯಿಂದ ಇರುತ್ತೇವೆ ಎಂದು ಎಲ್ಲರೂ ಮುಚ್ಚಳಿಕೆ ಬರೆದುಕೊಟ್ಟರು. ಹುಡುಗನ ಸಹಿಯೂ ಅದರಲ್ಲಿತ್ತು. ವರ್ಷ ಕಳೆದ ಮೇಲೆ ಅದನ್ನು ಎಲ್ಲರೂ ಮರೆತರು. ಮುಂದೆ ಹುಡುಗನಿಗೆ ಮುಳುವಾದ ಕಾಗದಗಳಲ್ಲಿ ಇದೂ ಒಂದು.

ಚಾರ್ಜ್‌ಶೀಟ್ ಬಿತ್ತು, ಜೆ.ಎಂ.ಎಫ್.ಸಿ. (ಪ್ರಥಮ ದರ್ಜೆ ನ್ಯಾಯಿಕ ದಂಡಾಧಿಕಾರಿ) ನ್ಯಾಯಾಲಯದಲ್ಲಿ ಸಿ.ಸಿ. ನಂಬರ್, ಅಂದರೆ ಕೋರ್ಟಿನ ಕೇಸ್ ಸಂಖ್ಯೆ, ಆಯಿತು. ಅಷ್ಟರಲ್ಲಿ ಹಿರಿಯರು ಕೂತು ಎರಡೂ ಮನೆಯನ್ನು ಒಂದು ಮಾಡಿದ್ದರು. ಆದರೆ ಊರಲ್ಲಿ ಆದ ರಾಜಿ ಕೋರ್ಟಿಗೆ ಹಾಗೇ ಹೋಗುವುದಿಲ್ಲ. 323, 504, 506ರ ಸಾದಾ ಬೆದರಿಕೆ ರಾಜಿಗೆ ಬರುತ್ತವೆ, 324 ಬರುವುದಿಲ್ಲ. ಹೈಕೋರ್ಟಿಗೆ ಹೋಗಿ ಸಿಆರ್‌ಪಿಸಿ ಕಲಂ 482ರಲ್ಲಿ ಕೇಸಿನ ರದ್ದು ಕೇಳಬಹುದಿತ್ತು. ಅದಕ್ಕೆ ಬೆಂಗಳೂರಿನ ವಕೀಲರ ಫೀ ಬೇಕು. ಹಾಗಾಗಿ ಹಳ್ಳಿಗಳಲ್ಲಿ ನಡೆಯುವ ದಾರಿಯೇ ಇಲ್ಲೂ ನಡೆಯಿತು. ಗಾಯಾಳು ‘ಕತ್ತಲಿತ್ತು, ಯಾರು ಹೊಡೆದರೋ ಗೊತ್ತಿಲ್ಲ’ ಎಂದರು, ಪಂಚರು (ಮಹಜರಿನ ಸಾಕ್ಷಿಗಳು) ‘ಠಾಣೆಯಲ್ಲಿ ಸಹಿ ಹಾಕಿದೆವು’ ಎಂದರು. ಸರ್ಕಾರಿ ವಕೀಲರು ಸಾಕ್ಷಿಗಳನ್ನು ಪ್ರತಿಕೂಲ ಎಂದು ಪರಿಗಣಿಸಿ ಪಾಟೀ ಸವಾಲು ಮಾಡಿದರೂ ಏನೂ ಸಿಗಲಿಲ್ಲ. 2022ರಲ್ಲಿ ಕಲಂ 248(1)ರ ಅಡಿ ನಾಲ್ವರೂ ಖುಲಾಸೆ. ತೀರ್ಪಿನ ಕೊನೆಯ ಪುಟದಲ್ಲಿ ‘ಸಂಶಯದ ಲಾಭ’ ಎಂಬ ಎರಡು ಪದಗಳಿದ್ದವು. ಅವತ್ತು ಅದನ್ನು ಯಾರೂ ಓದಲಿಲ್ಲ.

‘ಕೇಸ್ ಖುಲಾಸ್ ಆತಲ್ಲ ಮಗ, ಇನ್ನೇನೈತೆ’ ಎಂದರು ಅಪ್ಪ. ಮನೆಯ ಲೆಕ್ಕದಲ್ಲಿ ಅದು ಸರಿ. ನಮೂನೆಯ ಲೆಕ್ಕವೇ ಬೇರೆ.

ನಮೂನೆ ಕೇಳಿದ್ದೇನು

ಕೇಂದ್ರ ಸಶಸ್ತ್ರ ಪೊಲೀಸ್ ಪಡೆಗಳ ಕಾನ್ಸ್‌ಟೇಬಲ್ ಪರೀಕ್ಷೆಯನ್ನು 2024ರಿಂದ ಕನ್ನಡದಲ್ಲೂ ಬರೆಯಬಹುದು. ಹುಡುಗ ಕನ್ನಡದಲ್ಲೇ ಬರೆದು, ಓಟ, ವೈದ್ಯಕೀಯ ಎಲ್ಲ ಮುಗಿಸಿ ಒಂದು ಪಡೆಗೆ ಆಯ್ಕೆಯಾದ. ತರಬೇತಿ ಕೇಂದ್ರಕ್ಕೆ ವರದಿ ಮಾಡಿಕೊಂಡ ಮೊದಲ ದಿನಗಳಲ್ಲೇ ಕೈಗೆ ಬಂದದ್ದು ಹಿಂದಿ-ಇಂಗ್ಲಿಷ್‌ನ ದೃಢೀಕರಣ ನಮೂನೆ, ಎಲ್ಲರ ಬಾಯಲ್ಲಿ ‘ಅಟೆಸ್ಟೇಷನ್ ಫಾರ್ಮ್’. ಒಂದು ಹಾಲ್, ನಲವತ್ತು ಹುಡುಗರು. ಒಬ್ಬರು ಹಿಂದಿಯಲ್ಲಿ ಓದುತ್ತಾ ಹೋದರು. ಹನ್ನೆರಡನೇ ಅಂಶಕ್ಕೆ ಬಂದಾಗ ‘ಇಸ್ ಮೇ ಸಬ್ ನೋ ಲಿಖೋ’ ಎಂದರು. ಎಲ್ಲರೂ ಬರೆದರು.

ಆ ಅಂಶವನ್ನು ಹತ್ತಿರದಿಂದ ನೋಡಬೇಕು. ಕೇಂದ್ರ ಸರ್ಕಾರದ ನಮೂನೆಯಲ್ಲಿ ಅದು ಒಂದು ಪ್ರಶ್ನೆಯಲ್ಲ, ಪ್ರಶ್ನೆಗಳ ಸಾಲು: ನಿಮ್ಮನ್ನು ಎಂದಾದರೂ ಬಂಧಿಸಲಾಗಿದೆಯೇ, ಎಂದಾದರೂ ಅಭಿಯೋಜನೆಗೆ ಒಳಪಡಿಸಲಾಗಿದೆಯೇ, ಅಂದರೆ ನಿಮ್ಮ ಮೇಲೆ ಕೋರ್ಟಿನಲ್ಲಿ ಕ್ರಿಮಿನಲ್ ಕೇಸು ನಡೆದಿದೆಯೇ, ಬಂಧನದಲ್ಲಿ ಇಡಲಾಗಿದೆಯೇ, ಮುಚ್ಚಳಿಕೆಗೆ ಒಳಪಡಿಸಲಾಗಿದೆಯೇ, ಕೋರ್ಟು ದಂಡ ಹಾಕಿದೆಯೇ, ಶಿಕ್ಷೆ ಆಗಿದೆಯೇ. ಪರೀಕ್ಷಾ ಡಿಬಾರ್ ಕುರಿತ ಎರಡು ಪ್ರಶ್ನೆ ದಾಟಿದ ಮೇಲೆ, ಈ ನಮೂನೆ ತುಂಬುವ ಹೊತ್ತಿಗೆ ಯಾವುದಾದರೂ ಕೇಸು ಬಾಕಿ ಇದೆಯೇ.

ಹುಡುಗನ ತಲೆಯಲ್ಲಿದ್ದದ್ದು ಈ ‘ಬಾಕಿ ಇದೆಯೇ’ ಒಂದೇ. ಅದಕ್ಕೆ ‘ನೋ’ ನಿಜ. ಬಂಧನ, ದಂಡ, ಶಿಕ್ಷೆ, ಇವಕ್ಕೂ ‘ನೋ’ ನಿಜ. ಸುಳ್ಳಾದದ್ದು ಎರಡು: ಅಭಿಯೋಜನೆ ಮತ್ತು ಮುಚ್ಚಳಿಕೆ. ಮುಚ್ಚಳಿಕೆಯ ಪ್ರಶ್ನೆಗೆ ಇಂಗ್ಲಿಷಿನಲ್ಲಿ ‘ಬೌಂಡ್ ಡೌನ್’ ಎಂದಿರುತ್ತದೆ. ಕೆಲಸದ ಬಾಂಡ್ ಬಗ್ಗೆ ಕೇಳುತ್ತಿದ್ದಾರೆ ಎಂದು ತಿಳಿಯುವವರು ಎಷ್ಟೋ ಮಂದಿ. ಕೇಳುತ್ತಿರುವುದು 107ರ ಮುಚ್ಚಳಿಕೆ, ರೂಢಿಗತ ಅಪರಾಧಿಗಳಿಂದ ಬರೆಸಿಕೊಳ್ಳುವ 110ರ ಮುಚ್ಚಳಿಕೆ. 107 ಅಪರಾಧವಲ್ಲ, ಅದರಲ್ಲಿ ಶಿಕ್ಷೆಯೂ ಇಲ್ಲ. ಆದರೆ ಪ್ರಶ್ನೆ ಅಪರಾಧದ ಬಗ್ಗೆ ಅಲ್ಲವೇ ಅಲ್ಲ.

ದಂಡದ ಕಾಲಂ ಈ ಹುಡುಗನಿಗೆ ತಾಗಲಿಲ್ಲ, ಆದರೆ ನಮ್ಮ ಜಿಲ್ಲೆಗಳಲ್ಲಿ ಅದಕ್ಕೆ ಬೀಳುವವರೇ ಹೆಚ್ಚು ಇರಬೇಕು. ಯುಗಾದಿಯ ಇಸ್ಪೀಟಿನಲ್ಲಿ ಸಿಕ್ಕಿಬಿದ್ದು ಕರ್ನಾಟಕ ಪೊಲೀಸ್ ಕಾಯ್ದೆ ಕಲಂ 87ರ ಕೇಸಾಗಿ, ಕೋರ್ಟಿನಲ್ಲಿ ತಪ್ಪೊಪ್ಪಿಕೊಂಡು ಕೆಲವು ನೂರು ರೂಪಾಯಿ ಕಟ್ಟಿ ಬಂದವನು ‘ಫೈನ್ ಕಟ್ಟಿ ಮುಗಿಸಿದೆ’ ಎನ್ನುತ್ತಾನೆ. ಕಾನೂನಿನಲ್ಲಿ ಅದು ಅಪರಾಧ ನಿರ್ಣಯ. ದಂಡದ ಕಾಲಂಗೂ ‘ಹೌದು’, ಶಿಕ್ಷೆಯ ಕಾಲಂಗೂ ‘ಹೌದು’.

ನಮೂನೆಯ ನೆತ್ತಿಯ ಮೇಲೆ ಎಚ್ಚರಿಕೆಯೂ ಇರುತ್ತದೆ. ಸುಳ್ಳು ಮಾಹಿತಿ ಕೊಡುವುದು ಅಥವಾ ಸಂಗತಿ ಮುಚ್ಚಿಡುವುದು ಅನರ್ಹತೆ. ನಮೂನೆ ಕೊಟ್ಟ ಮೇಲೆ ಬಂಧನ, ಕೇಸು, ಖುಲಾಸೆ ಏನೇ ಆದರೂ ಕೂಡಲೇ ತಿಳಿಸಬೇಕು, ತಿಳಿಸದಿದ್ದರೆ ಅದೂ ಮುಚ್ಚಿಟ್ಟಂತೆ. ಸೇವೆಯ ಯಾವ ಹಂತದಲ್ಲಿ ಗೊತ್ತಾದರೂ ಕೆಲಸ ಹೋಗಬಹುದು. ಎರಡನೆಯ ಮಾತನ್ನು ಓದುವವರು ಕಡಿಮೆ. ಇವತ್ತು ನಿಜವಾಗಿದ್ದ ‘ಇಲ್ಲ’, ಆರು ತಿಂಗಳಿಗೆ ಊರಲ್ಲಿ ಒಂದು ಎಫ್‌ಐಆರ್ ಆದರೆ ಸುಳ್ಳಾಗುತ್ತದೆ.

ಗೊತ್ತಾದದ್ದು ಹೇಗೆ

ನಮೂನೆ ಚಿತ್ರದುರ್ಗಕ್ಕೆ ಬಂತು. ಎಸ್‌ಪಿ ಕಚೇರಿಯ ಜಿಲ್ಲಾ ವಿಶೇಷ ಶಾಖೆಯಿಂದ ಠಾಣೆಗೆ ಹೋಯಿತು. ಠಾಣೆಯಲ್ಲಿ ‘ಪೊಲೀಸ್ ಐಟಿ’ ತಂತ್ರಾಂಶದಲ್ಲಿ ಹೆಸರು ಹುಡುಕುತ್ತಾರೆ, ರಿಜಿಸ್ಟರ್ ನೋಡುತ್ತಾರೆ, ಬೀಟ್ ಸಿಬ್ಬಂದಿ ಊರಲ್ಲಿ ವಿಚಾರಿಸುತ್ತಾರೆ. ತಂತ್ರಾಂಶದ ಕಣ್ಣಿಗೆ ತಪ್ಪಿದರೂ ಮೂರನೆಯದಕ್ಕೆ ತಪ್ಪುವುದಿಲ್ಲ: ಹೊಡೆದಾಟದ ಕೇಸು ಊರಿಗೆಲ್ಲ ನೆನಪಿರುತ್ತದೆ.

ಉಲ್ಟಾ ಅಪಾಯವೂ ಇದೆ. ನಾಯಕನಹಟ್ಟಿ ಸುತ್ತಿನ ಒಂದೇ ಊರಲ್ಲಿ ನಾಲ್ಕು ಜನ ತಿಪ್ಪೇಸ್ವಾಮಿ ಇರಬಹುದು. ಎಫ್‌ಐಆರ್‌ನಲ್ಲಿ ‘ಬಿನ್’ ಮುಂದೆ ಬರೆದ ಅಪ್ಪನ ಹೆಸರು ಅಡ್ಡಹೆಸರಾಗಿದ್ದರೆ ಒಬ್ಬನ ಕೇಸು ಇನ್ನೊಬ್ಬನ ತಲೆಗೆ ಬರುತ್ತದೆ. ಹಾಗೆ ಬಂದರೆ ಚಾರ್ಜ್‌ಶೀಟ್‌ನ ವಯಸ್ಸು, ವಿಳಾಸ, ಆಧಾರ್, ಎಸ್‌ಎಸ್‌ಎಲ್‌ಸಿ ಅಂಕಪಟ್ಟಿ ಇಟ್ಟು ಠಾಣೆಯಿಂದಲೇ ಲಿಖಿತ ತಿದ್ದುಪಡಿ ವರದಿ ಕೇಳಬೇಕು. ಬಾಯಿಮಾತಿನ ಸಮಜಾಯಿಷಿ ದೂರದ ಕೇಂದ್ರಕ್ಕೆ ತಲುಪುವುದಿಲ್ಲ.

ಇಲ್ಲಿ ಗೊಂದಲ ಇರಲಿಲ್ಲ. ವರದಿಯಲ್ಲಿ ಅಪರಾಧ ಸಂಖ್ಯೆ, ಸಿ.ಸಿ. ಸಂಖ್ಯೆ, ಖುಲಾಸೆಯ ದಿನಾಂಕ, 107ರ ಕಡತ ಸಂಖ್ಯೆ, ಎಲ್ಲ ಇದ್ದವು. ಕೊನೆಯ ಸಾಲು ‘ಸದ್ಯ ಯಾವುದೇ ಪ್ರಕರಣ ಬಾಕಿ ಇರುವುದಿಲ್ಲ, ನಡತೆ ಉತ್ತಮ’ ಎಂದಿತ್ತು. ಆ ಸಾಲಿನಿಂದ ಕೆಲಸ ಉಳಿಯುತ್ತದೆ ಎಂದು ಮನೆಯವರು ನಂಬಿದರು. ಆದರೆ ಪಡೆಯವರು ತಾಳೆ ನೋಡುತ್ತಿದ್ದದ್ದು ವರದಿಯನ್ನು ನಮೂನೆಯೊಂದಿಗೆ.

ನಮೂನೆ ಕೊಟ್ಟ ದಿನಕ್ಕೂ ವರದಿ ತಲುಪಿದ ದಿನಕ್ಕೂ ಮೂರೂವರೆ ತಿಂಗಳ ಅಂತರವಿತ್ತು. ನಡುವೆ ಬ್ಯಾರಕ್‌ನ ಗೆಳೆಯನೊಬ್ಬ ‘ಖುಲಾಸೆ ಆದದ್ದನ್ನೂ ಬರೀಬೇಕಂತೆ’ ಎಂದಿದ್ದ. ಇನ್ನೊಬ್ಬ ‘ಸುಮ್ನಿರು, ಮೈಮೇಲೆ ಯಾಕೆ ಎಳ್ಕೊಂತೀಯ’ ಎಂದ. ಹುಡುಗ ಎರಡನೆಯವನ ಮಾತು ಕೇಳಿದ. ಆ ವಾರವೇ ‘12ನೇ ಅಂಶವನ್ನು ತಪ್ಪಾಗಿ ಅರ್ಥಮಾಡಿಕೊಂಡು ತುಂಬಿದ್ದೇನೆ, ಸರಿಯಾದ ವಿವರ ಹೀಗಿದೆ’ ಎಂದು ಬರೆದು, ತೀರ್ಪಿನ ನಕಲು ಇಟ್ಟು, ಸ್ವೀಕೃತಿ ಪಡೆದಿದ್ದರೆ ಕೆಲಸ ಉಳಿಯುತ್ತಿತ್ತು ಎಂದು ಖಾತ್ರಿ ಹೇಳಲಾಗದು. ‘ಬೇಕೆಂದೇ ಮುಚ್ಚಿಟ್ಟ’ ಎನ್ನುವುದಕ್ಕಂತೂ ಜಾಗ ಕಡಿಮೆಯಾಗುತ್ತಿತ್ತು.

ನೋಟಿಸಿಗೆ ಕೊಟ್ಟ ಉತ್ತರ

ಕಾರಣ ಕೇಳಿ ನೋಟಿಸ್ ಬಂತು, 15 ದಿನ ಗಡುವು. ಉತ್ತರವನ್ನು ಊರಿನಲ್ಲಿ ಬರೆಸಿ ವಾಟ್ಸ್‌ಆ್ಯಪ್‌ನಲ್ಲಿ ತರಿಸಿಕೊಂಡ. ‘ಸದರಿ ಪ್ರಕರಣದ ಬಗ್ಗೆ ನನಗೆ ಯಾವುದೇ ಮಾಹಿತಿ ಇರುವುದಿಲ್ಲ, ಅದು ಸುಳ್ಳು ಕೇಸು.’ ಇಡೀ ಕಡತದಲ್ಲಿ ಇದಕ್ಕಿಂತ ಕೆಟ್ಟ ವಾಕ್ಯ ಇನ್ನೊಂದಿಲ್ಲ. ಮಾಹಿತಿಯೇ ಇಲ್ಲದವನು ಅದು ಸುಳ್ಳೆಂದು ಹೇಗೆ ಬಲ್ಲ?

ಅದಕ್ಕಿಂತ ಮುಖ್ಯ, ಕೋರ್ಟಿನ ಆರ್ಡರ್ ಶೀಟ್‌ನಲ್ಲಿ ದಿನಾಂಕವಾರು ‘ಎ-1ರಿಂದ ಎ-4 ಹಾಜರು’ ಎಂದಿದೆ. ಜಾಮೀನು ಬಾಂಡ್‌ನಲ್ಲಿ ಅವನ ಸಹಿ ಇದೆ. ದೋಷಾರೋಪ ಓದಿ ಹೇಳಿದಾಗ ‘ಒಪ್ಪುವುದಿಲ್ಲ’ ಎಂದ ಹೇಳಿಕೆಯೂ ದಾಖಲಾಗಿದೆ. ಮುಚ್ಚಿಟ್ಟ ಆರೋಪ ಹೊರಿಸುವ ಮೊದಲು ಆ ಸಂಗತಿ ಅಭ್ಯರ್ಥಿಗೆ ಗೊತ್ತಿತ್ತು ಎನ್ನಲು ಆಧಾರ ಇರಬೇಕು ಎಂಬುದು ಸುಪ್ರೀಂ ಕೋರ್ಟ್ ಹಾಕಿದ ನಿಯಮ. ಎಫ್‌ಐಆರ್‌ನಲ್ಲಿ ಹೆಸರು ಇರುವುದೇ ಗೊತ್ತಿಲ್ಲದೆ ಬೆಂಗಳೂರಲ್ಲಿ ಓದುತ್ತಿದ್ದವನಿಗೆ ಅದು ಗಟ್ಟಿ ರಕ್ಷಣೆ. ಮೂರು ವರ್ಷ ಕೋರ್ಟಿಗೆ ಓಡಾಡಿದವನು ಅದನ್ನು ಹಿಡಿದರೆ ಮೊದಲ ಸುಳ್ಳಿನ ಮೇಲೆ ಎರಡನೆಯದು.

ಬರೆಯಬಹುದಾಗಿದ್ದ ಉತ್ತರ ಒಂದೂವರೆ ಪುಟದ್ದು. ಕೇಸು ಆಗಿದ್ದು ನಿಜ. ಬಾಕಿ ಕೇಸಿನ ಬಗ್ಗೆ ಕೇಳುತ್ತಿದ್ದಾರೆಂದು ತಿಳಿದು ‘ನೋ’ ಬರೆದೆ. ಆಗ ನನಗೆ 19. ಚಾರ್ಜ್‌ಶೀಟ್ ಪ್ರಕಾರವೇ ಆಯುಧ ನನ್ನ ಕೈಯಲ್ಲಿ ಇರಲಿಲ್ಲ. ಗಾಯ ‘ಸಾದಾ ಸ್ವರೂಪದ್ದು’ ಎಂದು ಗಾಯದ ಪ್ರಮಾಣ ಪತ್ರ ಹೇಳುತ್ತದೆ. ಖುಲಾಸೆ ಆದದ್ದು ನೇಮಕಕ್ಕಿಂತ ಮೊದಲು. ಪೊಲೀಸ್ ವರದಿ ನಡತೆ ಉತ್ತಮ ಎಂದಿದೆ. ಜೊತೆಗೆ ದೂರು, ಎಫ್‌ಐಆರ್, ಚಾರ್ಜ್‌ಶೀಟ್, ಗಾಯದ ಪ್ರಮಾಣ ಪತ್ರ, ಸಾಕ್ಷಿ ಹೇಳಿಕೆ, ತೀರ್ಪು, ಎಲ್ಲದರ ದೃಢೀಕೃತ ನಕಲು. ಬರೀ ತೀರ್ಪು ಇಟ್ಟರೆ ಅಧಿಕಾರಿಯ ಕಣ್ಣಿಗೆ ಬೀಳುವುದು ‘ಸಂಶಯದ ಲಾಭ’ ಮತ್ತು ‘324’ ಮಾತ್ರ. ಹುಡುಗನ ಪಾಲು ಎಷ್ಟು ಸಣ್ಣದು ಎನ್ನುವುದು ಉಳಿದ ಕಾಗದಗಳಲ್ಲಿದೆ.

ಗಡುವು ಕಳೆದು ಕೆಲವು ವಾರಕ್ಕೆ ಆದೇಶ ಬಂತು: ಕೇಂದ್ರ ನಾಗರಿಕ ಸೇವಾ (ತಾತ್ಕಾಲಿಕ ಸೇವೆ) ನಿಯಮಗಳು, 1965ರ ನಿಯಮ 5(1)ರ ಅಡಿ ಸೇವೆ ಸಮಾಪ್ತಿ, ಒಂದು ತಿಂಗಳ ನೋಟಿಸಿಗೆ ಬದಲಾಗಿ ಒಂದು ತಿಂಗಳ ವೇತನ. ಸೇವೆ ಖಾಯಂ ಆಗಿದ್ದರೆ ಇಷ್ಟು ಸಲೀಸಾಗಿ ಆಗುತ್ತಿರಲಿಲ್ಲ, ಇಲಾಖಾ ವಿಚಾರಣೆ ಬೇಕಾಗುತ್ತಿತ್ತು.

ತೂಕ ಯಾವ ಕಡೆ

ಈ ವಿಷಯದಲ್ಲಿ ಎಲ್ಲರೂ ಹಿಡಿದು ನೋಡುವ ತೀರ್ಪು ಅವತಾರ್ ಸಿಂಗ್ ಪ್ರಕರಣದ್ದು. 2016ರ ಜುಲೈ 21ರಂದು ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ ಕೊಟ್ಟದ್ದು. ಅದಕ್ಕೆ ಮೊದಲು ತೀರ್ಪುಗಳು ಎರಡು ದಿಕ್ಕಿಗೆ ಎಳೆಯುತ್ತಿದ್ದವು. 2003ರಲ್ಲಿ ಕೇಂದ್ರೀಯ ವಿದ್ಯಾಲಯದ ದೈಹಿಕ ಶಿಕ್ಷಕರೊಬ್ಬರು ‘ನಾನು ಹಿಂದಿ ಮಾಧ್ಯಮ, ಇಂಗ್ಲಿಷಿನ ಪ್ರಶ್ನೆ ಅರ್ಥವಾಗಲಿಲ್ಲ’ ಎಂದದ್ದನ್ನು ಸುಪ್ರೀಂ ಕೋರ್ಟ್ ಒಪ್ಪಲಿಲ್ಲ, ಅವರು ನಮೂನೆಯಲ್ಲಿ ಮುಚ್ಚಿಟ್ಟಿದ್ದ ಕೇಸನ್ನು ಸರ್ಕಾರ ಆಮೇಲೆ ಹಿಂತೆಗೆದುಕೊಂಡದ್ದೂ ಸಹಾಯಕ್ಕೆ ಬರಲಿಲ್ಲ. ‘ಹಾಲ್‌ನಲ್ಲಿ ಹೇಳಿಸಿ ಬರೆಸಿದರು’ ಎನ್ನುವ ನಮ್ಮ ಹುಡುಗನ ಮಾತಿಗೆ ಎದುರು ನಿಲ್ಲುವುದು ಇದೇ ತೀರ್ಪು. 2011ರಲ್ಲಿ ದೆಹಲಿ ಪೊಲೀಸ್ ಹುದ್ದೆಯ ಪ್ರಕರಣದಲ್ಲಿ ಅದೇ ಕೋರ್ಟು, ಹರೆಯದಲ್ಲಿ ಆದ ಸಣ್ಣ ತಪ್ಪನ್ನು ಜೀವನವಿಡೀ ಹೊರಿಸಬಾರದು ಎಂದು ಅಭ್ಯರ್ಥಿಯ ಪರ ನಿಂತಿತು.

ಅವತಾರ್ ಸಿಂಗ್ ತೀರ್ಪು ಎರಡನ್ನೂ ಒಂದು ತಕ್ಕಡಿಗೆ ತಂದಿತು. ಮಾಹಿತಿ ನಿಜವಿರಬೇಕು. ಹರೆಯದಲ್ಲಿ ಘೋಷಣೆ ಕೂಗಿದಂಥ ಕ್ಷುಲ್ಲಕ ಕೇಸನ್ನು ಬಿಟ್ಟಿದ್ದರೆ ಅಧಿಕಾರಿ ವಿವೇಚನೆಯಿಂದ ಮನ್ನಿಸಬಹುದು. ಗಂಭೀರ ಅಪರಾಧದಲ್ಲಿ ತಾಂತ್ರಿಕ ಕಾರಣಕ್ಕೆ ಅಥವಾ ಸಂಶಯದ ಲಾಭದಿಂದ ಖುಲಾಸೆಯಾಗಿದ್ದರೆ ಪೂರ್ವಾಪರ ನೋಡುವ ಹಕ್ಕು ಇಲಾಖೆಗಿದೆ. ಎಲ್ಲವನ್ನೂ ಪ್ರಾಮಾಣಿಕವಾಗಿ ಬರೆದಿದ್ದರೂ ನೇಮಕ ಮಾಡಲೇಬೇಕೆಂಬ ಬಲವಂತವಿಲ್ಲ. ನಮೂನೆಯ ಪ್ರಶ್ನೆ ಸ್ಪಷ್ಟವಾಗಿರಬೇಕು. ಕೇಳದೇ ಇದ್ದದ್ದನ್ನು ಹೇಳಲಿಲ್ಲ ಎಂದು ಶಿಕ್ಷಿಸುವಂತಿಲ್ಲ.

ಈ ತಕ್ಕಡಿಯಲ್ಲಿ ಹುಡುಗನ ಪರ ಇರುವುದು ವಯಸ್ಸು, ಪಾತ್ರ, ಗಾಯದ ಸ್ವರೂಪ, ಖುಲಾಸೆ, ಒಳ್ಳೆಯ ವರದಿ. ವಿರುದ್ಧ ಇರುವುದು ಸ್ಪಷ್ಟ ಪ್ರಶ್ನೆ, ಎರಡು ಕಾಲಂ, ಪ್ರತಿಕೂಲ ಸಾಕ್ಷಿಗಳ ಖುಲಾಸೆ, ನೋಟಿಸಿಗೆ ಕೊಟ್ಟ ಉತ್ತರ. ಎಲ್ಲಕ್ಕಿಂತ ಭಾರ ಹುದ್ದೆಯದು. ಸಮವಸ್ತ್ರದ ಹುದ್ದೆಗೆ ಅಳತೆ ಬಿಗಿ ಎಂದು 2022ರ ಸೆಪ್ಟೆಂಬರ್‌ನಲ್ಲಿ ಸಿಆರ್‌ಪಿಎಫ್‌ಗೆ ಸಂಬಂಧಿಸಿದ ಸತೀಶ್ ಚಂದ್ರ ಯಾದವ್ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಗೃಹ ಸಚಿವಾಲಯದ 2012ರ ಫೆಬ್ರುವರಿ 1ರ ಮಾರ್ಗಸೂಚಿಯೂ ಗಂಭೀರ ಅಪರಾಧಗಳಲ್ಲಿ ಸಾಕ್ಷಿ ಹೆದರಿ ತಿರುಗಿಬಿದ್ದು ಸಿಕ್ಕ ಖುಲಾಸೆಯನ್ನು ಪೂರ್ಣ ಖುಲಾಸೆ ಎಂದು ಲೆಕ್ಕಿಸುವುದಿಲ್ಲ. ಇದೇ ಸಂಗತಿಗಳು ದ್ವಿತೀಯ ದರ್ಜೆ ಸಹಾಯಕನ ಹುದ್ದೆಯಲ್ಲಿ ಬಂದಿದ್ದರೆ, ಉತ್ತರವೂ ನೇರವಾಗಿದ್ದಿದ್ದರೆ, ಉಳಿಯುವ ಸಾಧ್ಯತೆ ಹೆಚ್ಚಿತ್ತು. ಇಲ್ಲಿ ಪ್ರಕರಣ ದುರ್ಬಲ. ದುರ್ಬಲ ಮಾಡಿದ್ದು 2019ರ ಜಗಳವಲ್ಲ.

ಅವನಿಗೆ ಆಗ 18 ತುಂಬಿರದಿದ್ದರೆ ಲೆಕ್ಕವೇ ಬೇರೆ. ಬಾಲ ನ್ಯಾಯ ಕಾಯ್ದೆ 2015ರ ಕಲಂ 24ರ ಪ್ರಕಾರ ಬಾಲಕನಾಗಿದ್ದಾಗಿನ ಪ್ರಕರಣದಿಂದ ಅನರ್ಹತೆ ಬರುವುದಿಲ್ಲ. 16 ದಾಟಿ ಘೋರ ಅಪರಾಧಕ್ಕೆ ವಯಸ್ಕನಂತೆ ವಿಚಾರಣೆ ಎದುರಿಸಿ ತಪ್ಪಿತಸ್ಥನೆಂದು ತೀರ್ಮಾನವಾದವನಿಗೆ ಮಾತ್ರ ಈ ರಕ್ಷಣೆ ಇಲ್ಲ.

ಇನ್ನು ಎಲ್ಲಿಗೆ ಹೋಗಬೇಕು ಎಂಬ ಪ್ರಶ್ನೆ. ಸಶಸ್ತ್ರ ಪಡೆಯ ಸಿಬ್ಬಂದಿಯ ವ್ಯಾಜ್ಯ ಕೇಂದ್ರ ಆಡಳಿತ ನ್ಯಾಯಮಂಡಳಿಗೆ ಬರುವುದಿಲ್ಲ, ಹೈಕೋರ್ಟಿನಲ್ಲಿ ರಿಟ್. ಚಿತ್ರದುರ್ಗ, ದಾವಣಗೆರೆಯವರಿಗೆ ಅದು ಬೆಂಗಳೂರಿನ ಪೀಠ, ಧಾರವಾಡವಲ್ಲ. ರಾಜ್ಯ ಸರ್ಕಾರದ ಹುದ್ದೆಯಾಗಿದ್ದರೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ, ಆದೇಶದಿಂದ ಒಂದು ವರ್ಷದೊಳಗೆ.

ಹೌದು ಎಂದು ಬರೆಯುವ ಬಗೆ

ಮೊದಲು ಕಾಗದ. ಕೇಸಿನ ನಂಬರ್ ಮರೆತಿದ್ದರೆ ಇ-ಕೋರ್ಟ್ಸ್ ಜಾಲತಾಣದಲ್ಲಿ ಜಿಲ್ಲೆ, ನ್ಯಾಯಾಲಯ, ಪಕ್ಷಗಾರರ ಹೆಸರು, ವರ್ಷ ಹಾಕಿ ಹುಡುಕಬಹುದು. ‘ಬಾಕಿ’ ಪ್ರಕರಣಗಳಲ್ಲಷ್ಟೇ ಹುಡುಕಿ ‘ಏನೂ ಇಲ್ಲ’ ಎಂದು ಸಮಾಧಾನ ಪಡುವವರಿದ್ದಾರೆ. ‘ಇತ್ಯರ್ಥ’ವಾದದ್ದನ್ನೂ ಆರಿಸಿಕೊಂಡು ನೋಡಬೇಕು. ಸಿಕ್ಕರೆ 16 ಅಕ್ಷರ-ಅಂಕಿಗಳ ಸಿ.ಎನ್.ಆರ್. ಸಂಖ್ಯೆ ಬರೆದುಕೊಳ್ಳಿ. ದೃಢೀಕೃತ ನಕಲಿಗೆ ಆ ನ್ಯಾಯಾಲಯದ ನಕಲು ಶಾಖೆಯಲ್ಲಿ ಅರ್ಜಿ. ಹರಪನಹಳ್ಳಿ ಕಡೆಯವರು ಒಂದು ಗಮನಿಸಬೇಕು: ಹಿಂದೆ ದಾವಣಗೆರೆ ಜಿಲ್ಲೆಯಲ್ಲಿದ್ದ ತಾಲ್ಲೂಕು ಈಗ ವಿಜಯನಗರ ಜಿಲ್ಲೆಯದು. ಹಳೆಯ ಎಫ್‌ಐಆರ್‌ನಲ್ಲಿ ‘ದಾವಣಗೆರೆ ಜಿಲ್ಲೆ’ ಎಂದೇ ಇರುತ್ತದೆ, ಹುಡುಕುವಾಗ ಎರಡೂ ಕಡೆ ನೋಡಬೇಕು.

ಆಮೇಲೆ ಕಾಲಂ. ನಮ್ಮ ಪ್ರಕರಣದಲ್ಲಿ ಅಭಿಯೋಜನೆಯ ಪ್ರಶ್ನೆಗೆ ಹೀಗೆ ಬರೆದಿದ್ದರೆ ಸಾಕಿತ್ತು: ‘ಹೌದು. ಅಪರಾಧ ಸಂಖ್ಯೆ, ಠಾಣೆ, ಐಪಿಸಿ ಕಲಂ 323, 324, 504, 506 ಸಹಿತ 34. ಸಿ.ಸಿ. ಸಂಖ್ಯೆ, ಜೆ.ಎಂ.ಎಫ್.ಸಿ. ನ್ಯಾಯಾಲಯ. ನಾನು 4ನೇ ಆರೋಪಿ. ಇಂಥ ದಿನಾಂಕದಂದು ಸಿಆರ್‌ಪಿಸಿ ಕಲಂ 248(1)ರಂತೆ ಖುಲಾಸೆ. ಮೇಲ್ಮನವಿ ಇಲ್ಲ. ತೀರ್ಪಿನ ನಕಲು ಲಗತ್ತಿಸಿದೆ.’ ಮುಚ್ಚಳಿಕೆಯ ಪ್ರಶ್ನೆಗೆ: ‘ಹೌದು. ಕಲಂ 107, ತಾಲ್ಲೂಕು ದಂಡಾಧಿಕಾರಿ, ಕಡತ ಸಂಖ್ಯೆ, ಅವಧಿ ಒಂದು ವರ್ಷ, ಮುಗಿದಿದೆ.’ ‘ಸುಳ್ಳು ಕೇಸು’, ‘ರಾಜಿಯಾಗಿದೆ’ ಎಂಬ ಮಾತು ಬೇಡ. ರಾಜಿ ಎಂದರೆ ಸಾಕ್ಷಿಗಳು ಯಾಕೆ ತಿರುಗಿದರು ಎನ್ನುವುದಕ್ಕೆ ಕಾರಣವನ್ನು ನಾವೇ ಬರೆದುಕೊಟ್ಟಂತೆ. ಜಾಗ ಸಾಲದಿದ್ದರೆ ‘ಪ್ರತ್ಯೇಕ ಹಾಳೆ ನೋಡಿ’ ಎಂದು ಬರೆದು, ಆ ಹಾಳೆಗೂ ಸಹಿ, ದಿನಾಂಕ. ತುಂಬಿದ ನಮೂನೆಯ ಫೋಟೊ ತೆಗೆದಿಟ್ಟುಕೊಳ್ಳಿ. ಏನು ಬರೆದೆನೆಂದು ವರ್ಷದ ಮೇಲೆ ನೆನಪಿರುವುದಿಲ್ಲ. ಘಟನೆ 2024ರ ಜುಲೈ 1ರ ನಂತರದ್ದಾದರೆ ಭಾರತೀಯ ನ್ಯಾಯ ಸಂಹಿತೆಯ ಕಲಂ ಹಾಕಬೇಕು: 323 ಈಗ 115(2), 324 ಈಗ 118(1), 504 ಈಗ 352, 506 ಈಗ 351. ಮೊದಲಿನದಕ್ಕೆ ಐಪಿಸಿಯೇ, ಹೊಸ ಸಂಖ್ಯೆಗೆ ತಿದ್ದಿ ಬರೆಯಬಾರದು.

ಹುಡುಗ ಈಗ ಊರಲ್ಲಿದ್ದಾನೆ, ರಿಟ್ ಅರ್ಜಿಗೆ ಕಾಗದ ಜೋಡಿಸುತ್ತಿದ್ದಾನೆ. ಈ ನಡುವೆ ಬೇರೊಂದು ನೇಮಕಾತಿಗೂ ಅರ್ಜಿ ಹಾಕಬೇಕೆಂದಿದ್ದಾನೆ. ಆ ಅರ್ಜಿಯಲ್ಲಿ ಕೇಸಿನ ಕಾಲಂ ಇದೆ, ಅದರ ಕೆಳಗೆ ‘ಹಿಂದೆ ಯಾವುದೇ ಸರ್ಕಾರಿ ಸೇವೆಯಿಂದ ತೆಗೆದುಹಾಕಲಾಗಿದೆಯೇ’ ಎಂಬ ಇನ್ನೊಂದು ಕಾಲಂ ಇದೆ. ಮೊದಲನೆಯದಕ್ಕೆ ಸಿ.ಸಿ. ನಂಬರ್ ಬರೆಯಬೇಕು, ಎರಡನೆಯದಕ್ಕೆ ಸಮಾಪ್ತಿ ಆದೇಶದ ನಂಬರ್.